ಹೆಣ್ಣು ನೋಡಲು ಎರಡನೆಯ ಸಲ

ಶಿವಮೊಗ್ಗದ ಖಾಸಗಿ ಬಸ್ ನಿಲ್ದಾಣದಲ್ಲಿ ಪರಶುರಾಮನ ಗಂಟಲು ಗೊತ್ತಿಲ್ಲದವರಿಲ್ಲ. ಅವನು ಹಳದಿ ಬಸ್ಸುಗಳ ಏಜೆಂಟು. ಭದ್ರಾವತಿಗೆ ಹೋಗುವವರನ್ನು ಕೂಗಿ ಕರೆದು ಹತ್ತಿಸುವುದು ಅರ್ಧ ಕೆಲಸ. ನೀಲಿ ಬಸ್ಸು ತನ್ನ ಹೊತ್ತು ಮೀರಿ ಒಂದು ನಿಮಿಷ ನಿಂತರೂ ಅದರ ಏಜೆಂಟು ಮಲ್ಲಿಕನ ಮೇಲೆ ಏರಿಹೋಗುವುದು ಇನ್ನರ್ಧ. "ಇದು ನಮ್ಮ ಟೈಮು ಕಣಯ್ಯಾ, ತೆಗಿ ಗಾಡಿ!" ಎಂದು ಕೂಗುತ್ತಲೇ ಅವನ ತಲೆ ನೆರೆತಿತ್ತು. ನಿಮಿಷಕ್ಕೆ ಇಷ್ಟು ಬೆಲೆ ಕೊಡುವ ಮನುಷ್ಯ ಆಲ್ಕೊಳದ ತನ್ನ ಮನೆಗೆ ಮಾತ್ರ ಒಂದು ದಿನವೂ ಹೇಳಿದ ಹೊತ್ತಿಗೆ ಹೋದವನಲ್ಲ. ಹೆಂಡತಿ ಚಿನ್ನಮ್ಮ ಇದನ್ನು ಬುಡದಿಂದಲೇ ಹಿಡಿದು ಆಡುತ್ತಿದ್ದಳು: "ಹೆಣ್ಣು ನೋಡೋಕೆ ಬಂದಾಗ್ಲೇ ಲೇಟು. ಪಾಪ ನಮ್ಮಪ್ಪ, ಶಿಫ್ಟು ಬಿಟ್ಟು ಕಾದ್ರು."

ಮಾಚೇನಹಳ್ಳಿಯ ಗೋಡೌನು ಒಡೆದದ್ದು ಅಂಥ ದಿನಗಳಲ್ಲೇ. ಪುಂಡಾನೆ ಹಿಡಿದು ಕಟ್ಟಿಹಾಕುವಂತೆ, ದಾರಿ ತಪ್ಪಿ ತಿರುಗುವ ಕಾಲದ ತುಂಡುಗಳನ್ನು ಹಿಡಿದು ಅಲ್ಲಿ ಉಕ್ಕಿನ ಪೀಪಾಯಿಗಳಲ್ಲಿ ಕೂಡಿಹಾಕಲೆಂದೇ ಒಂದು ಇಲಾಖೆಯಿತ್ತು. ಜನ ಅವನ್ನು ಪುಂಡಗಾಲ ಎನ್ನುತ್ತಿದ್ದರು. ಪೀಪಾಯಿಗಳಿಗೆ ಹಿಡಿದ ತುಕ್ಕು ನೋಡಲು ಇಲಾಖೆಯವರಿಗೆ ಪುರುಸೊತ್ತು ಸಿಕ್ಕಿರಲಿಲ್ಲ. ಒಂದು ಬೆಳಿಗ್ಗೆ ಎಲ್ಲವೂ ಬಿಚ್ಚಿಕೊಂಡವು. ಗಾಜನೂರಿನಲ್ಲಿ ಹೆಪ್ಪು ಹಾಕುವ ಮೊದಲೇ ಹಾಲು ಮೊಸರಾಯಿತು. ಆಲ್ಕೊಳ ಸರ್ಕಲ್ಲಿನಲ್ಲಿ ಮಧ್ಯಾಹ್ನ ಮುಗಿಯಲೇ ಇಲ್ಲ. ಶಾಲೆ ಬಿಡುವ ಗಂಟೆಯಾಗದೆ ಮಕ್ಕಳು ಅತ್ತರು. "ಯಾರೂ ಗಾಬರಿಯಾಗಬಾರದು, ಪರಿಸ್ಥಿತಿ ನಿನ್ನೆಯೇ ಹತೋಟಿಗೆ ಬಂದಿದೆ" ಎಂದು ಇಲಾಖೆಯ ಜೀಪು ಮೈಕಿನಲ್ಲಿ ಸಾರುತ್ತ ಹೋಯಿತು.

ಒಂದು ಪುಂಡಗಾಲ ಮಾಚೇನಹಳ್ಳಿಯ ಹತ್ತಿರವೇ ಭದ್ರಾವತಿ ರಸ್ತೆಗೆ ಅಡ್ಡ ಮಲಗಿತು. ಅದರೊಳಗೆ ಹೊಕ್ಕ ಬಸ್ಸು ಆಚೆಗೆ ಯಾವ ವರ್ಷದ ಭದ್ರಾವತಿಯಲ್ಲಿ ಇಳಿಸುತ್ತದೋ ಹೇಳುವಂತಿರಲಿಲ್ಲ. ವಾಪಸ್ ಬರುವಾಗ ಮಾತ್ರ ಎಲ್ಲರೂ ಹೊರಟ ದಿನಕ್ಕೇ ಬರುತ್ತಿದ್ದರು. ಇಷ್ಟು ಗೊತ್ತಾದ ಮೇಲೆ ಜನರಿಗೆ ಭಯ ಹೋಗಿ ಆಸೆ ಬಂತು. ಸತ್ತ ತಾಯಿಯನ್ನು ನೋಡಲೆಂದು, ಬಿಟ್ಟುಹೋದ ಹುಡುಗಿಯನ್ನು ನೋಡಲೆಂದು ಬಸ್ಸು ಹತ್ತಿದವರಲ್ಲಿ ಹೆಚ್ಚಿನವರು ಸೀಮೆಎಣ್ಣೆ ಕ್ಯೂನಲ್ಲಿ ನಿಂತು ಬಂದರು. ಹಳೆಯ ಕಾಲದ ಬಹುಪಾಲು ಕಾಯುವುದರಲ್ಲೇ ಕಳೆದಿತ್ತೆಂಬುದು ಅವರಿಗೆ ಮರೆತೇಹೋಗಿತ್ತು.

ಟೈಮೇ ಇಲ್ಲದ ಮೇಲೆ ಏಜೆಂಟರಿಗೆ ಜಗಳವೆಲ್ಲಿ? ಪರಶುರಾಮ, ಮಲ್ಲಿಕ್ ಇಬ್ಬರೂ ಒಂದೇ ಬೆಂಚಿನ ಮೇಲೆ ಕೂತು, ಸ್ವಲ್ಪ ನಾಚಿಕೊಂಡೇ ಟೀ ಕುಡಿದರು.

"ನಿನ್ನ ಬೈದಿಲ್ಲ ಅಂದ್ರೆ ಊಟ ಸೇರಲ್ಲ ಮಾರಾಯ," ಎಂದ ಮಲ್ಲಿಕ್.

"ನಂಗೂ ಅಷ್ಟೇ. ಸುಮ್ನೆ ಕೂರೋ ಬದಲು ನಾನೂ ಹೋಗಿ ಬರ್ತೀನಿ. ಹೆಣ್ಣು ನೋಡೋಕಾದ್ರೂ ಟೈಮಿಗೆ ಸರಿಯಾಗಿ ಹೋದೆ ಅಂತಾಗ್ಲಿ."

ಹಲವು ಸಲ ಬೇಡದ ದಿನಗಳಿಗೆ ಹೋಗಿ ಬಂದ ಮೇಲೆ, ಕಡೆಗೊಮ್ಮೆ ಬೇಕಾದ ದಿನವೇ ಸಿಕ್ಕಿತು. ಕಾರ್ಖಾನೆಯ ಕ್ವಾರ್ಟರ್ಸಿನಲ್ಲಿ ಚಿನ್ನಮ್ಮನ ತವರುಮನೆಯ ಜಗಲಿಯ ತುಂಬ ಅಕ್ಕಪಕ್ಕದವರಿಂದ ತಂದ ಕುರ್ಚಿಗಳನ್ನು ಸಾಲಾಗಿ ಇಟ್ಟಿದ್ದರು. ಮಾವ ಉಜ್ಜನಪ್ಪ ಎದ್ದು ಬಂದು ಕೈ ಮುಗಿದರು.

"ಬನ್ನಿ, ಬನ್ನಿ. ಹುಡುಗನ ಕಡೆ ಹಿರಿಯರಾ? ಹುಡುಗ ಎಲ್ಲಿ?"

ಪರಶುರಾಮ ತನ್ನ ನೆರೆತ ತಲೆಯನ್ನು ಮರೆತುಬಿಟ್ಟಿದ್ದ. ಜೀವಮಾನದಲ್ಲಿ ಒಮ್ಮೆ ಸರಿಯಾದ ಹೊತ್ತಿಗೆ ಬಂದು, ಇನ್ನೂ ಬಾರದ ತನ್ನ ಪರವಾಗಿ ತಾನೇ ಸಬೂಬು ಹೇಳಬೇಕಾಯಿತು.

"ಬರ್ತಾನೆ ಸ್ವಾಮಿ. ಸ್ಟ್ಯಾಂಡಲ್ಲಿ ಸ್ವಲ್ಪ ಟೈಮಿನ ಗಲಾಟೆ."

ಉಜ್ಜನಪ್ಪ ವಾಚು ನೋಡಿದರು. ಪರಶುರಾಮ ರಸ್ತೆ ನೋಡಿದ. ಬಿಸಿಲು ಜಗಲಿಯಿಂದ ಅಂಗಳಕ್ಕೆ ಇಳಿಯಿತು. ಬಾರದ ಆ ಹುಡುಗನ ಮೇಲೆ ಅವನಿಗೆ ಎಂಥ ಸಿಟ್ಟು ಬಂದಿತ್ತೆಂದರೆ, ಉಪ್ಪಿಟ್ಟು ತಂದಿಟ್ಟ ಹುಡುಗಿ ಚಿನ್ನಮ್ಮ ಮೆಲ್ಲಗೆ "ಹುಡುಗ ಹೇಗೆ?" ಎಂದಾಗ ಬಾಯಿ ತಡೆಯಲಿಲ್ಲ.

"ಜಗಳಗಂಟ ಕಣಮ್ಮಾ. ಸ್ಟ್ಯಾಂಡಲ್ಲಿ ಒಂದು ನಿಮಿಷಕ್ಕೆ ಪ್ರಾಣ ಬಿಡ್ತಾನೆ, ಮನೆಯವರ ದಿನ ಪೂರ್ತಿ ಹಾಳಾದ್ರೂ ಕಣ್ಣಿಗೆ ಕಾಣಲ್ಲ. ಯೋಚ್ನೆ ಮಾಡು."

ಅವಳು ನಗು ನುಂಗಿಕೊಂಡು ಒಳಗೆ ಓಡಿದಳು. ಹುಡುಗ ಬರುವ ಮುಂಚೆಯೇ ಪರಶುರಾಮ ಎದ್ದು ಹೊರಟ. ಆ ಮುಖ ನೋಡುವ ಮನಸ್ಸಿರಲಿಲ್ಲ.

ಆಲ್ಕೊಳದ ಮನೆಯಲ್ಲಿ ಅವರೆಕಾಯಿ ಸುಲಿಯುತ್ತ ಕೂತಿದ್ದ ಹೆಂಡತಿಗೆ ನಡೆದದ್ದೆಲ್ಲ ಹೇಳಿದ.

"ಅಯ್ಯೋ, ಆ ಹಿರಿಯರು ನೀವಾ? ಅವರು ಹಂಗೆ ಬೈದಿದ್ದಕ್ಕೇ ನಾನು ಒಪ್ಪಿದ್ದು ಕಣ್ರೀ! ಹುಡುಗನ್ನ ಹೊಗಳೋರನ್ನ ಕಂಡು ಕಂಡು ಸಾಕಾಗಿತ್ತು. ನಿಜ ಹೇಳೋರು ಒಬ್ರಿರೋ ಮನೇಲಿ ಬಾಳಬಹುದು ಅಂದ್ಕೊಂಡೆ. ಮದುವೇಲಿ ಎಷ್ಟು ಹುಡುಕಿದೆ ಅವರನ್ನ!"

ನಗುನಗುತ್ತ ಅವಳ ಕೈ ನಿಂತಿತು.

"ಅಂದ್ರೆ, ಅಪ್ಪನ್ನ ನೋಡಿ ಬಂದ್ರಾ?"

ಉಜ್ಜನಪ್ಪ ತೀರಿಕೊಂಡು ವರ್ಷಗಳೇ ಆಗಿದ್ದವು.

"ನೋಡ್ದೆ."

"ಹೇಗಿದ್ರು? ಏನ್ ಮಾತಾಡಿದ್ರು? ಆ ಕೆಮ್ಮು ಶುರುವಾಗಿತ್ತಾ?"

ವಾಚು ಕಟ್ಟಿದ ಒಂದು ಕೈ ಬಿಟ್ಟರೆ ಅವನಿಗೆ ಬೇರೇನೂ ನೆನಪಾಗಲಿಲ್ಲ. ಅಷ್ಟು ಹೊತ್ತು ಮಾವನ ಪಕ್ಕದಲ್ಲೇ ಕೂತಿದ್ದ. ಅಷ್ಟೂ ಹೊತ್ತು ರಸ್ತೆ ನೋಡಿದ್ದ.

"ನನ್ನನ್ನೂ ಕರ್ಕೊಂಡು ಹೋಗೋಣ ಅಂತ ಅನ್ನಿಸ್ಲೇ ಇಲ್ವಲ್ರೀ ನಿಮಗೆ," ಎಂದಳು ಚಿನ್ನಮ್ಮ. ದನಿ ಏರಿಸಲಿಲ್ಲ. ಏರಿಸಿದ್ದರೆ ಅವನಿಗೆ ಹಗುರವಾಗುತ್ತಿತ್ತು.

ಮರುದಿನ ಮೊದಲ ಬಸ್ಸಿಗೇ ಇಬ್ಬರೂ ಹೊರಟರು. ಚಿನ್ನಮ್ಮ ಅಪ್ಪನಿಗೆ ಇಷ್ಟವೆಂದು ರವೆ ಉಂಡೆ ಕಟ್ಟಿಕೊಂಡಿದ್ದಳು. ಮಾಚೇನಹಳ್ಳಿ ಬಂತು, ಹಿಂದೆ ಹೋಯಿತು; ಏನೂ ಆಗಲಿಲ್ಲ. ಇಲಾಖೆ ಎಂದೂ ಇಲ್ಲದ ಚುರುಕಿನಿಂದ ಹಿಂದಿನ ದಿನವೇ ಪುಂಡಗಾಲವನ್ನು ಎಳೆದುಕೊಂಡು ಹೋಗಿತ್ತು. ಬಸ್ಸು ಸರಿಯಾದ ಸಮಯಕ್ಕೆ ಇಂದಿನ ಭದ್ರಾವತಿ ತಲುಪಿತು.

ಬಂದದ್ದಾಯಿತಲ್ಲ ಎಂದು ಕ್ವಾರ್ಟರ್ಸಿನ ತನಕ ನಡೆದರು. ಬಾಗಿಲು, ಕಿಟಕಿಗಳನ್ನೆಲ್ಲ ಯಾರೋ ಕಿತ್ತುಕೊಂಡು ಹೋಗಿದ್ದರು. ಚಿನ್ನಮ್ಮ ಜಗಲಿಯ ಧೂಳು ಒರೆಸಿ ಕೂತಳು. ಪರಶುರಾಮ ರಸ್ತೆಗೆ ಬೆನ್ನು ಹಾಕಿ ನಿಂತ.

"ಕೆಮ್ಮಲಿಲ್ಲ," ಎಂದ. "ನಾನಿದ್ದಷ್ಟು ಹೊತ್ತು ಒಂದ್ಸಲಾನೂ ಕೆಮ್ಮಲಿಲ್ಲ. ಗಟ್ಟಿಮುಟ್ಟಾಗಿದ್ರು."

ಅದು ನೆನಪೋ, ಈಗ ಹುಟ್ಟಿದ ಮಾತೋ ಅವನಿಗೂ ಗೊತ್ತಿರಲಿಲ್ಲ. ಚಿನ್ನಮ್ಮ ಡಬ್ಬಿ ತೆಗೆದು ಒಂದು ಉಂಡೆ ಅವನ ಕೈಗಿಟ್ಟು, ಇನ್ನೊಂದನ್ನು ತಾನು ಮುರಿದಳು.