ತಿಂಥಣಿ ದೇವರ ಹೆಸರಿನ ದೊಡ್ಡಿ

ಬಸ್ಸಿದ್ದೂ ನಡೆದರೆ ಅದು ಚಾರಣ, ಬಸ್ಸಿಲ್ಲದೆ ನಡೆದರೆ ಬರೀ ನಡಿಗೆ. ಈ ಸೂಕ್ಷ್ಮ ಭೇದ ನನಗೆ ಅರಿವಾದದ್ದು ಅರವತ್ತೆರಡನೆಯ ವಯಸ್ಸಿನಲ್ಲಿ, ಶಹಾಪುರದ ಹೊರವಲಯದಲ್ಲಿ, ಹೊಸ ಬೂಟು ಹಿಮ್ಮಡಿಯನ್ನು ಕಚ್ಚತೊಡಗಿದ ಮೊದಲ ಮೈಲಿಯಲ್ಲಿ. ಎದುರಿಗೆ ಬಂದವರೆಲ್ಲ ನಿಂತು, ನಮ್ಮ ಬೆನ್ನಚೀಲ, ಕೋಲು, ತಲೆಯ ಮೇಲಿನ ವಿಚಿತ್ರ ಟೋಪಿಗಳನ್ನು ಕರುಣೆಯಿಂದ ನೋಡಿ, "ಯಾಕ್ರಿ ಸರ, ಬಸ್ಸ ತಪ್ಪಿತೇನ್ರಿ?" ಎಂದು ಕೇಳುತ್ತಿದ್ದರು. ಮೊದಮೊದಲು ನಾನು ಚಾರಣದ ಧ್ಯೇಯೋದ್ದೇಶಗಳನ್ನು ವಿವರಿಸಿದೆ. ಹತ್ತನೆಯವರಿಗೆ, "ಹೌದ್ರಿ, ತಪ್ಪಿತು" ಎಂದುಬಿಟ್ಟೆ. ಅವರಿಗೂ ಸಮಾಧಾನ, ನನಗೂ ದಮ್ಮು ಉಳಿಯಿತು.

ನಾವೆಂದರೆ ನಾನು ಮತ್ತು ನನ್ನ ಗೆಳೆಯ ಬಸಣ್ಣ. ನಾನು ಯಾದಗಿರಿಯ ಕಾಲೇಜೊಂದರಲ್ಲಿ ಮೂವತ್ತೆರಡು ವರ್ಷ ಕನ್ನಡ ಕಲಿಸಿ, ವಿದ್ಯಾರ್ಥಿಗಳಿಗೂ ನನಗೂ ಏಕಕಾಲದಲ್ಲಿ ಬಿಡುಗಡೆ ದೊರಕಿಸಿಕೊಂಡವನು. ಬಸಣ್ಣ ಹೊಲ ಅಳೆಯುವ ಇಲಾಖೆಯಲ್ಲಿ ಸವೆದು ನಿವೃತ್ತನಾದವನು. ಬೆಟ್ಟ ಕಂಡರೆ ಬೇರೆಯವರು ಕೈಮುಗಿದಾರು, ಇವನು ಎತ್ತರ ಎಷ್ಟೆಂದು ಲೆಕ್ಕ ಹಾಕುತ್ತಾನೆ. ಯಾದಗಿರಿ ಸ್ಟೇಷನ್ನಿನ ಎದುರಿನ ಚಹಾದಂಗಡಿಯಲ್ಲಿ ಒಂದು ಮುಂಜಾನೆ ಇವನಿಗೆ ಜ್ಞಾನೋದಯವಾಯಿತು. ಜನ ಎಲ್ಲೆಲ್ಲಿಯ ದೇಶಕ್ಕೋ ಹೋಗಿ ಬೆಟ್ಟದ ಮೆಟ್ಟಿಲುಗದ್ದೆ ನೋಡಿಕೊಂಡು, ಅಲ್ಲಿಯ ಮೂಲನಿವಾಸಿಗಳ ಮನೆಯಲ್ಲಿ ಉಂಡು ಬರುತ್ತಾರೆ. ನಮ್ಮ ಶಹಾಪುರ ಸುರಪುರದ ಬೆಟ್ಟಗಳ ನಡುವೆ ಅಂಥದ್ದೇ ಗದ್ದೆಗಳು ಸಣ್ಣ ಪ್ರಮಾಣದಲ್ಲಿ ಇರುವಾಗ, ಮೂರು ದಿನದ ಒಂದು ನಡೆದಾರಿ ಗುರುತಿಸಿ ನಕ್ಷೆ ಯಾಕೆ ಮಾಡಬಾರದು? ಗೆರೆ ಎಳೆಯುವುದು ಅವನ ಕೆಲಸ. ಆ ಗೆರೆಯ ಮೇಲೆ ಬರುವ ಹೆಸರುಗಳನ್ನೆಲ್ಲ ಶುದ್ಧವಾಗಿ, ಕಾಗುಣಿತದ ದೋಷವಿಲ್ಲದೆ ಬರೆಯುವುದು ನನ್ನ ಕೆಲಸ.

ಶುದ್ಧ ಎಂಬ ಈ ಶಬ್ದವನ್ನು ಸ್ವಲ್ಪ ನೆನಪಿಡಿ. ಜೀವಮಾನವಿಡೀ ನಾನು ಪರರ ಹೆಸರುಗಳನ್ನು ತಿದ್ದುತ್ತ ಬಂದ ಪ್ರಾಣಿ. ಹಾಜರಿ ಪುಸ್ತಕದಲ್ಲಿ "ಸಿದ್ರಾಮ" ಎಂದಿದ್ದರೆ ಕೆಂಪು ಶಾಯಿಯಲ್ಲಿ "ಸಿದ್ಧರಾಮ" ಎಂದು ಮಾಡುತ್ತಿದ್ದೆ. ಹುಡುಗರು ಅದನ್ನು ಉಪಕಾರವೆಂದು ಭಾವಿಸಿದ ನೆನಪಿಲ್ಲ.

ಶಹಾಪುರದ ಬೆಟ್ಟ ಮಲಗಿದ ಬುದ್ಧನಂತೆ ಕಾಣುತ್ತದಲ್ಲ, ಅದು ಮಲಗಿಕೊಂಡೇ ನಮ್ಮನ್ನು ಬೀಳ್ಕೊಟ್ಟಿತು. ಮಳೆಗಾಲ ಮುಗಿಯುವ ಹೊತ್ತು. ಹತ್ತಿಯ ಹೊಲಗಳನ್ನು ದಾಟಿ, ಆನೆಗಾತ್ರದ ಬಂಡೆಗಳ ನಡುವಿನ ಕಾಲುದಾರಿ ಹಿಡಿದು, ಸಂಜೆಗೆ ಒಂದು ಊರಿನ ಶಾಲೆಯ ಕಟ್ಟೆ ಸೇರಿದಾಗ ನನ್ನ ಹಿಮ್ಮಡಿಯಲ್ಲಿ ಎರಡು ಬೊಬ್ಬೆಗಳೂ ಬಸಣ್ಣನ ಮೊಬೈಲಿನಲ್ಲಿ ಹದಿಮೂರು ಕಿಲೋಮೀಟರುಗಳೂ ದಾಖಲಾಗಿದ್ದವು.

ಎರಡನೆಯ ದಿನ ಸುರಪುರದ ಕಡೆಗೆ ಸರಿದಂತೆ ದೊಡ್ಡಿಗಳು ಶುರುವಾದವು. ದಕ್ಷಿಣದ ಓದುಗರು ದೊಡ್ಡಿಯೆಂದರೆ ಬೀದಿ ದನ ಕೂಡಿಹಾಕುವ ಸ್ಥಳವೆಂದು ತಿಳಿದಾರು. ಇಲ್ಲಿ ಅದು ಮನುಷ್ಯರು ಇರುವ ಜಾಗ. ಒಂದು ಕಾಲಕ್ಕೆ ಈ ಬೆಟ್ಟಗಳಲ್ಲಿ ಬೇಟೆಯಾಡಿಕೊಂಡಿದ್ದ ಬೇಡರ ಮನೆತನಗಳು ಊರೊಳಗಿನ ಇಕ್ಕಟ್ಟು ಬೇಡವೆಂದು ತಮ್ಮ ತಮ್ಮ ಹೊಲದಲ್ಲೇ ಗುಡಿಸಲು ಹಾಕಿ, ದನ ಕುರಿ ಕಟ್ಟಿ, ಬಂಡೆಗಳ ಇಳಿಜಾರಿನಲ್ಲಿ ಕಲ್ಲು ಪೇರಿಸಿ ಮಣ್ಣು ತಡೆದು, ಮೇಲಿನ ಕೆರೆಯ ನೀರು ಒಂದು ಮಡಿಯಿಂದ ಮತ್ತೊಂದಕ್ಕೆ ಇಳಿಯುವಂತೆ ಭತ್ತದ ಗದ್ದೆ ಮಾಡಿಕೊಂಡವು. ಎರಡು ಮೂರು ಮನೆಗಳ ಇಂಥ ನೆಲೆಗೆ ಅಲ್ಲಿರುವ ಹಿರಿಯನದೇ ಹೆಸರು. ಹಿರಿಯ ಸತ್ತರೆ ಮಗನ ಹೆಸರಿಗೆ ಬದಲಾಗುವುದೂ ಉಂಟು. ಇಂಥ ನೆಲೆಗಳು ಅಂಚೆಯವನಿಗೆ, ಲೈನ್‌ಮನ್‌ಗೆ, ಹಾಲು ಒಯ್ಯುವವನಿಗೆ ಬಾಯಿಪಾಠ. ನಕ್ಷೆಯಲ್ಲಿ ಮಾತ್ರ ಇಲ್ಲ. ಈ ಅನ್ಯಾಯವನ್ನು ಸರಿಪಡಿಸುವ ಉಮೇದಿನಲ್ಲಿ ನಾನು ಪೆನ್ನಿನ ಟೋಪಿ ತೆಗೆದೇ ನಡೆಯುತ್ತಿದ್ದೆ.

ಮಧ್ಯಾಹ್ನದ ಹೊತ್ತಿಗೆ ಒಂದು ದೊಡ್ಡಿ ಸಿಕ್ಕಿತು. ಕೆಳಗೆ ಏಳು ಮಡಿ ಗದ್ದೆ, ಮೇಲೆ ಬೇವಿನ ಮರ, ಮರದ ಕೆಳಗೆ ಹಗ್ಗ ಹೊಸೆಯುತ್ತಿದ್ದ, ಹೆಚ್ಚುಕಡಿಮೆ ನನ್ನ ವಯಸ್ಸಿನ ಹೆಂಗಸು. ಹೆಸರು ದುರಗವ್ವ. ಬಸ್ಸು ತಪ್ಪಿತೇ ಎಂದು ಕೇಳದೆ, "ಬರ್ರಿ, ಕುಂದರ್ರಿ, ಬಿಸಲಾಗ ಬಂದೀರಿ" ಎಂದು ಕಂಬಳಿ ಹಾಸಿ, ರೊಟ್ಟಿ, ಪುಂಡಿಪಲ್ಯ, ಮಜ್ಜಿಗೆ ತಂದಿಟ್ಟಳು. ಮಗ ಸೊಸೆ ಕೆಂಭಾವಿಗೆ ಹೋಗಿದ್ದರು. ಗಂಡ ಕೆಳಗಿನ ಮಡಿಯಲ್ಲಿದ್ದ. "ನಮ್ಮನಿಯವ್ರು ಎಣ್ಣಿ ಹೊಡ್ಯಾಕ ಹೋಗ್ಯಾರ್ರಿ" ಎಂದಳು. ಎಣ್ಣಿ ಎಂದರೆ ನಮ್ಮ ಕಡೆ ಬೆಳೆಗೆ ಸಿಂಪಡಿಸುವ ಕೀಟನಾಶಕ.

ಉಂಡು ಕೈತೊಳೆದು ನಾನು ಪೆನ್ನು ಹಿಡಿದೆ. "ಇದು ಯಾರ ದೊಡ್ಡಿ ಅವ್ವ?"

"ನಮ್ದ ರೀ."

"ಹೆಸರು?"

ದುರಗವ್ವ ನಕ್ಕು ಸೆರಗನ್ನು ಬಾಯಿಗೆ ತಂದಳು. ಆಗ ತಿಳಿಯಿತು. ಗಂಡನ ಹೆಸರೇ ದೊಡ್ಡಿಯ ಹೆಸರು. ಗಂಡನ ಹೆಸರನ್ನು ಹೆಂಡತಿ ನಾಲಗೆಯ ಮೇಲೆ ತರಬಾರದು, ತಂದರೆ ಅವನ ಆಯುಷ್ಯ ಸವೆಯುತ್ತದೆ. ಹಾಗಾಗಿ ಈ ಹೆಣ್ಣುಮಗಳು ನಲವತ್ತು ವರ್ಷಗಳಿಂದ ತಾನು ಬಾಳುವ ಜಾಗದ ಹೆಸರನ್ನೇ ಹೇಳದೆ ಬಾಳಿದ್ದಳು.

ಇದು ನನಗೆ ಹೊಸದಲ್ಲ. ನನ್ನ ಅಜ್ಜನ ಹೆಸರು ಸಕ್ರೆಪ್ಪ. ಅಜ್ಜಿ ಬದುಕಿರುವತನಕ ಸಕ್ಕರೆ ಎನ್ನಲಿಲ್ಲ. ಅಂಗಡಿಗೆ ಹೋಗಿ "ಚಹಾದಾಗ ಹಾಕೋದು ಕೊಡಪ್ಪ" ಎನ್ನುತ್ತಿದ್ದಳು. ಅಂಗಡಿಯವನು ಚಹಾಪುಡಿ ಕೊಡುತ್ತಿದ್ದ. ಮನೆಯಲ್ಲಿ ಚಹಾಪುಡಿಯ ಡಬ್ಬಿಗಳು ಒಂದರ ಪಕ್ಕ ಒಂದು ಬೆಳೆದವು. ಇನ್ನು ನನ್ನ ಹೆಂಡತಿ, ಪದವೀಧರೆ, ಮದುವೆಯಾದಾಗಿನಿಂದ ನನ್ನನ್ನು "ಏನ್ರಿ" ಎಂದೇ ಕರೆಯುತ್ತಾಳೆ. ಸಂತೆಯಲ್ಲಿ ಆಕೆ ಹಾಗೆ ಕೂಗಿದರೆ ಹತ್ತು ಗಂಡಸರು ತಿರುಗುತ್ತಾರೆ, ನಾನೊಬ್ಬ ತಿರುಗುವುದಿಲ್ಲ ಎಂಬುದು ಆಕೆಯ ದೂರು.

ದುರಗವ್ವ ಸುಳಿವು ಕೊಟ್ಟಳು. "ತಿಂಥಣ್ಯಾಗಿನ ದೇವ್ರ ಹೆಸರ್ರಿ." ಕೃಷ್ಣೆಯ ದಂಡೆಯ ತಿಂಥಣಿಯ ದೇವರೆಂದರೆ ಮೌನೇಶ್ವರ, ಇದು ಗೊತ್ತಿಲ್ಲದವರು ಈ ಜಿಲ್ಲೆಯಲ್ಲಿ ಯಾರು? "ಮೌನೇಶನಾ?" ಎಂದೆ. ಆಕೆ ಒಂದು ಕ್ಷಣ ತಡೆದು, "ಹಂಗ ಅನ್ಕೋರಿ" ಎಂದಳು. ನಾನು ಹಂಗೇ ಅಂದುಕೊಂಡೆ. ಗಂಡನ ಹೆಸರು ಮೌನೇಶ, ಹೆಂಡತಿ ಅದರ ಬಗ್ಗೆ ಮೌನ ಎಂದು ನನ್ನ ಶ್ಲೇಷೆಗೆ ನಾನೇ ತಲೆದೂಗುತ್ತ, ದುಂಡು ಅಕ್ಷರದಲ್ಲಿ "ಮೌನೇಶನ ದೊಡ್ಡಿ" ಎಂದು ಬರೆದೆ. ಆಕೆ ತಡೆದ ಆ ಒಂದು ಕ್ಷಣವನ್ನು ಬರೆದುಕೊಳ್ಳಲಿಲ್ಲ.

ನಾವು ಹೊರಡುವಾಗ ದುರಗವ್ವ ಗಂಡನನ್ನು ಊಟಕ್ಕೆ ಕರೆಯಲು ಗದ್ದೆಯ ಅಂಚಿಗೆ ಬಂದಳು. "ಏನ್ರೀ" ಎಂದು ಕೂಗಿದಳು. ಉತ್ತರ ಬರಲಿಲ್ಲ. ಮತ್ತೆ ಕೂಗಿದಳು. ಆಮೇಲೆ ಬದುವಿನ ಮೇಲೆ ಓಡಿದಳು. ನಾವೂ ಓಡಿದೆವು. ನಾಲ್ಕನೆಯ ಮಡಿಯ ಬದುವಿನ ಮೇಲೆ ಆತ ಬೆನ್ನಿಗೆ ಕಟ್ಟಿದ ಪಂಪಿನ ಸಮೇತ ಮಗ್ಗುಲಾಗಿ ಬಿದ್ದಿದ್ದ. ಬಾಯಲ್ಲಿ ನೊರೆ, ಮೈಯೆಲ್ಲ ಬೆವರು, ಉಸಿರು ಗೊರಗೊರ. ಗಾಳಿ ತಿರುಗಿ ಔಷಧವೆಲ್ಲ ಅವನ ಮೈಮೇಲೆಯೇ ಬಂದಿತ್ತು.

ಬಸಣ್ಣ ಪಂಪು ಬಿಚ್ಚಿ, ಅಂಗಿ ತೆಗೆದು, ಮೈಗೆ ನೀರು ಹಾಕತೊಡಗಿದ. ಫೋನು ಮಾಡುವುದು ನನ್ನ ಪಾಲಿಗೆ ಬಂತು. ಗದ್ದೆಯಲ್ಲಿ ಸಿಗ್ನಲ್ ಇರಲಿಲ್ಲ. ದುರಗವ್ವ ತೋರಿಸಿದ ಬಂಡೆಯನ್ನು ಏರಿದರೆ ಒಂದೇ ಒಂದು ಗೆರೆ ಬಂತು. ಆಂಬುಲೆನ್ಸಿಗೆ ಹಚ್ಚಿ, ನನ್ನ ಪುಸ್ತಕ ನೋಡಿಕೊಂಡು, ಸ್ಪಷ್ಟವಾದ ಉಚ್ಚಾರದಲ್ಲಿ "ಮೌನೇಶನ ದೊಡ್ಡಿ" ಎಂದೆ. ಬರುತ್ತೇವೆ ಎಂದರು. ನನಗೆ ಎಂಥ ನಿರಾಳ! ಹೆಸರು ಬರೆದುಕೊಂಡದ್ದು ಎಷ್ಟು ಒಳ್ಳೆಯದಾಯಿತು ಎಂದೂ ಅನ್ನಿಸಿತು, ನಾಚಿಕೆಯಿಲ್ಲದೆ ಒಪ್ಪಿಕೊಳ್ಳುತ್ತೇನೆ.

ಅರ್ಧ ತಾಸು ಕಳೆಯಿತು. ಕೆಳಗೆ ಬಸಣ್ಣ ಅವನನ್ನು ಮಗ್ಗುಲಿಗೆ ಹೊರಳಿಸಿ ಹಿಡಿದು ಕುಳಿತಿದ್ದ. ದುರಗವ್ವ ಗಂಡನ ಬಳಿಗೂ ಬಂಡೆಗೂ ಮೂರು ಸಲ ಓಡಾಡಿದಳು. ನಾಲ್ಕನೆಯ ಸಲ ಆಕೆ ಮೇಲೆ ಬಂದಾಗ ಫೋನು ರಿಂಗಾಯಿತು. ಡ್ರೈವರ್. "ಸರ, ಮೌನೇಶನ ದೊಡ್ಡಿಗೆ ಬಂದು ನಿಂತೀವ್ರಿ. ಮೌನೇಶ ಇಲ್ಲೇ ಕುಂತು ಊಟ ಮಾಡಾಕತ್ತಾನ. ಏನು ಚಾಷ್ಟಿ ಮಾಡ್ತೀರೇನ್ರಿ?"

ಅವನ ಮಾತಿನಿಂದಲೇ ಗೊತ್ತಾಯಿತು: ಕಾಲುವೆಯ ಆಚೆ ಇನ್ನೊಂದು ದೊಡ್ಡಿ ಇದೆ, ಅದರ ಹೆಸರು ನಿಜಕ್ಕೂ ಮೌನೇಶನ ದೊಡ್ಡಿ. ಹಾಗಾದರೆ ಇದು ಯಾವುದು? ನಾನು ದುರಗವ್ವನತ್ತ ತಿರುಗಿದೆ. "ಮೌನಪ್ಪನಾ? ಮೌನಯ್ಯನಾ? ಮೌನೇಶ್ವರಪ್ಪನಾ?" ಎಂದು ವ್ಯಾಕರಣಬದ್ಧ ರೂಪಗಳನ್ನೆಲ್ಲ ಒಂದೊಂದಾಗಿ ಒಪ್ಪಿಸಿದೆ. ಆಕೆ ಬಾಯಿಗೆ ಸೆರಗು ಒತ್ತಿಕೊಂಡು ಒಂದೊಂದಕ್ಕೂ ಅಲ್ಲವೆಂದು ತಲೆ ಅಲ್ಲಾಡಿಸಿದಳು. ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಫೋನಿನಲ್ಲಿ ಡ್ರೈವರ್ "ಹಲೋ, ಹಲೋ" ಎನ್ನುತ್ತಿದ್ದ, ಮಾತು ಕಡಿದು ಕಡಿದು ಬರುತ್ತಿತ್ತು.

ದುರಗವ್ವ ನನ್ನ ಕೈಯಿಂದ ಫೋನು ಕಸಿದುಕೊಂಡಳು.

"ಮಾನಪ್ಪನ ದೊಡ್ಡಿರಿ. ಮಾನಪ್ಪ. ನನ್ನ ಗಂಡ ಮಾನಪ್ಪ. ಲಗೂನ ಬರ್ರಿ ಯಪ್ಪಾ."

"ಮೊದಲ ಹಂಗ ಅನ್ನಬಾರದೇನವ್ವ" ಎಂದ ಡ್ರೈವರ್. "ಬಂದ್ವಿ."

ಮಾನಪ್ಪ. ಮೌನವನ್ನು ಜನ ಬಾಯಲ್ಲಿ ಹೊರಳಾಡಿಸಿ ಮಾನ ಮಾಡಿಕೊಂಡಿದ್ದರು. ಈ ಸೀಮೆಯಲ್ಲಿ ಸಂದಿಗೊಬ್ಬ ಮಾನಪ್ಪ ಇದ್ದಾನೆ, ನನ್ನ ತರಗತಿಯಲ್ಲೇ ವರ್ಷಕ್ಕೊಬ್ಬ ಇರುತ್ತಿದ್ದ, ಅವರನ್ನೆಲ್ಲ ನಾನು ಕೆಂಪು ಶಾಯಿಯಿಂದ ಮೌನೇಶ ಮಾಡಿದ್ದೆ. ಆ ರೂಪ ಅಶುದ್ಧವೆಂಬ ಕಾರಣಕ್ಕೇ ಅದು ನನ್ನ ಬಾಯಿಗೆ ಬರಲಿಲ್ಲ. ನಾನು "ಮಾನಪ್ಪನಾ?" ಎಂದು ಒಂದು ಸಲ ಕೇಳಿದ್ದರೆ ಸಾಕಿತ್ತು, ಆಕೆ ಹೌದೆಂದು ತಲೆ ಆಡಿಸುತ್ತಿದ್ದಳು. ಆ ಅರ್ಧ ತಾಸು ಹೋದದ್ದು ಆಕೆಯ ಸಂಪ್ರದಾಯದಿಂದಲ್ಲ, ನನ್ನ ಪಾಂಡಿತ್ಯದಿಂದ. ಇದನ್ನು ಎಷ್ಟು ಅಲಂಕರಿಸಿ ಬರೆದರೂ ಇಷ್ಟೇ.

ದುರಗವ್ವ ಫೋನು ನನ್ನ ಕೈಗಿಟ್ಟು, ತಿಂಥಣಿ ಇರುವ ದಿಕ್ಕಿಗೆ ತಿರುಗಿ, ಗಲ್ಲ ಗಲ್ಲ ಬಡಿದುಕೊಂಡಳು. "ಹೆಸರ ತಗೊಂಡೀನಿ ನನ್ನಪ್ಪ. ಏನರ ಮಾಡೋದಿದ್ರ ನನಗ ಮಾಡು" ಎಂದು, ಬಂಡೆ ಇಳಿದು ಗದ್ದೆಯತ್ತ ಓಡಿದಳು.

ವಾಹನ ಬಂತು. ಗದ್ದೆಯವರೆಗೆ ದಾರಿಯಿರಲಿಲ್ಲವಾದ್ದರಿಂದ ಗಾಡಿಯವರಿಬ್ಬರು, ನಾವಿಬ್ಬರು ಸೇರಿ ನಮಗೆ ಹಾಸಿದ್ದ ಅದೇ ಕಂಬಳಿಯಲ್ಲಿ ಮಾನಪ್ಪನನ್ನು ಹೊತ್ತೆವು. ಆಸ್ಪತ್ರೆಯಲ್ಲಿ ಡಾಕ್ಟರು, ಇನ್ನೂ ತಡವಾಗಿದ್ದರೆ ಕಷ್ಟವಿತ್ತು ಎಂದರು. ಹೊರಗಿನ ಬಾಕಿನ ಮೇಲೆ ಕುಳಿತ ದುರಗವ್ವ ಯಾರಿಗೂ ಕೇಳಿಸದಂತೆ ನನ್ನನ್ನು ಕೇಳಿದಳು: "ನಾ ಹೆಸರ ಅಂದಿದ್ದಕ್ಕ ಏನೂ ಆಗಂಗಿಲ್ಲಲ್ರಿ ಸರ?"

ಮೂವತ್ತೆರಡು ವರ್ಷ ಪ್ರಶ್ನೆಪತ್ರಿಕೆ ತೆಗೆದವನು ನಾನು. ಇಂಥ ಪ್ರಶ್ನೆಗೆ ಉತ್ತರಿಸಿದವನಲ್ಲ. "ನೀವು ಅಂದಿದ್ದಕ್ಕ ಗಾಡಿ ಬಂತವ್ವ" ಎಂದೆ. ಆಕೆ ನಂಬಿದಳೋ ಇಲ್ಲವೋ ತಿಳಿಯಲಿಲ್ಲ.

ಮೂರನೆಯ ದಿನದ ನಡಿಗೆ ಆಗಲಿಲ್ಲ. ಬಸಣ್ಣನೂ ನಾನೂ ಆಸ್ಪತ್ರೆಯ ಹತ್ತಿರವೇ ಉಳಿದೆವು. ಮರುದಿನ ಹತ್ತು ಗಂಟೆಗೆ ಮಾನಪ್ಪ ಕಣ್ಣು ಬಿಟ್ಟು ನೀರು ಕೇಳಿದನಂತೆ. ಕೆಂಭಾವಿಯಿಂದ ಬಂದಿದ್ದ ಮಗ ಔಷಧಿ ತರಲು, ದುರಗವ್ವ ಬಾಟಲಿಗೆ ನೀರು ತುಂಬಲು ಹೋಗಿದ್ದಾಗ ನಾವು ಒಳಗೆ ಹೋದೆವು. ಕ್ಷಮೆ ಕೇಳಬೇಕೆಂದು ನಾನು ಮನಸ್ಸಿನಲ್ಲೇ ಎರಡು ವಾಕ್ಯ ಸಿದ್ಧಪಡಿಸಿಕೊಂಡಿದ್ದೆ. ಆತ ಅದಕ್ಕೆ ಅವಕಾಶ ಕೊಡದೆ, ಬಾಗಿಲ ಕಡೆ ಒಮ್ಮೆ ನೋಡಿ, ನನ್ನನ್ನು ಹತ್ತಿರ ಕರೆದ.

"ಸರ, ಅಕಿ ನನ್ನ ಹೆಸರ ಅಂದಾಳಂತ, ಹೌದೇನ್ರಿ?"

"ಹೌದು."

"ಲಗ್ನ ಆಗಿ ನಲವತ್ತು ವರ್ಷ ಆತ್ರಿ. ಒಮ್ಮಿ ಅಂದಾಳ, ಅದೂ ನನಗ ಖಬರಿಲ್ಲದಾಗ." ಸ್ವಲ್ಪ ಹೊತ್ತು ಉಸಿರು ಎಳೆದುಕೊಂಡ. "ನೀವು ಕೇಳೀರಲ್ಲ. ಹೆಂಗ ಅಂದಳ್ರಿ?"

ನಾನು ಬಾಯಿ ತೆರೆದೆ. ಆ ಹೆಸರು ಬಂಡೆಯ ಮೇಲೆ ಹೇಗೆ ಬಂತು ಎಂಬುದು ಕಿವಿಯಲ್ಲಿ ಹಾಗೆಯೇ ಇತ್ತು, ಬಾಯಿಗೆ ಮಾತ್ರ ಬರಲೊಲ್ಲದು. "ಮಾನಪ್ಪ, ಅಂದ್ರು" ಎಂದೆ. ನನ್ನ ಬಾಯಲ್ಲಿ ಅದು ಹಾಜರಿ ಕರೆದ ಹಾಗೆ ಕೇಳಿಸಿತು. ಆತ ಇನ್ನೇನೋ ಇದೆಯೆಂಬಂತೆ ನನ್ನ ಮುಖವನ್ನೇ ನೋಡುತ್ತಿದ್ದ.

"ಮೂರು ಸಲ ಅಂದ್ರು" ಎಂದೆ.

"ಮೂರು ಸಲ?"

ಅಷ್ಟರಲ್ಲಿ ದುರಗವ್ವ ಬಾಟಲಿ ಹಿಡಿದು ಬಂದಳು. ಮಾನಪ್ಪ ದಿಂಬಿನಿಂದ ತಲೆ ಎತ್ತಲು ಹೋಗಿ, ಆಗದೆ, ಮಲಗಿದಲ್ಲಿಂದಲೇ ಹೇಳಿದ: "ಮೂರು ಸಲ ಅಂದಿಯಂತಲ್ಲ."

ಆಕೆ ನನ್ನನ್ನೊಮ್ಮೆ ಚಾಡಿಕೋರನನ್ನು ನೋಡುವಂತೆ ನೋಡಿದಳು. ಆಮೇಲೆ ಸೆರಗಿನ ತುದಿ ಒದ್ದೆ ಮಾಡಿ ಅವನ ತುಟಿ ಒರೆಸುತ್ತ, "ಸುಮ್ನ ಮಕ್ಕೋರಿ" ಎಂದಳು.