ಒಣಗದ ಕೊಬ್ಬರಿಯ ಸಂಗೀತ

ಗಂಡಸಿಯಲ್ಲಿ ಗೆಳೆಯ ರಂಗಪ್ಪನ ಜಗಲಿಯ ಮೇಲೆ ಹರಟುತ್ತಾ ಕೂತಿದ್ದೆ. ಅವನು ಅಟ್ಟದಿಂದ ಇಳಿಸಿದ ಕಾಯಿಗಳನ್ನು ಒಂದೊಂದೇ ಕಿವಿಯ ಹತ್ತಿರ ಅಲ್ಲಾಡಿಸಿ, ಒಳಗೆ ಕೊಬ್ಬರಿ ಒಣಗಿದೆಯೇ ಎಂದು ನೋಡುತ್ತಿದ್ದ. ಹಳೇಬೀಡಿನ ದಾರಿ ಕೇಳಲು ಕಾರಿನಿಂದ ಇಳಿದವರೊಬ್ಬರು ಆ ಸದ್ದು ಕೇಳಿ ದಾರಿಯ ಮಾತೇ ಮರೆತು ಅಲ್ಲೇ ನಿಂತುಬಿಟ್ಟರು. ಟೀವಿ ಧಾರಾವಾಹಿಗಳಿಗೆ ಸಂಗೀತ ಕೊಡುವವರಂತೆ! ಅತ್ತೆ ಸಿಟ್ಟಾಗುವ ದೃಶ್ಯಕ್ಕೆ ಅವರು ಕಳಿಸಿದ್ದನ್ನೆಲ್ಲ ನಿರ್ದೇಶಕರು ಬೇಡವೆಂದಿದ್ದರು. ಸಂಜೆಯೊಳಗೆ ಹೊಸದು ಹೋಗದಿದ್ದರೆ ಕೆಲಸ ಬೇರೆಯವರ ಪಾಲು.

"ಯಜಮಾನ್ರೇ, ಆ ಕಾಯಿ ಇನ್ನೊಂದ್ಸಲ ಅಲ್ಲಾಡಿಸ್ತೀರಾ?" ಎಂದು ಮೊಬೈಲು ಹಿಡಿದರು.

"ಅಯ್ಯೋ, ಇದು ಒಣಗಿಲ್ಲ ಕಣ್ರೀ, ಒಳಗೆ ನೀರೈತೆ. ಟೀವೀಲಿ ಬಂದ್ರೆ ನಮ್ಮ ಮಾನ ಹೋಯ್ತದೆ. ತಡೀರಿ, ಒಳ್ಳೇದು ಕೊಡ್ತೀನಿ," ಎಂದ ರಂಗಪ್ಪ.

"ಬೇಡ, ಇದೇ ಬೇಕು. ಅತ್ತೆ ಸಿಟ್ಟೂ ಹಿಂಗೇ ಒಳಗೊಳಗೇ ಕುಲುಕ್ತಾ ಇರೋದು."

ಅಲ್ಲೇ ಕೂತು, ಲ್ಯಾಪ್‌ಟಾಪಿನಲ್ಲಿ ಆ ಸದ್ದನ್ನು ಎಳೆದು, ತಗ್ಗಿಸಿ, ಜೊತೆಗೊಂದು ತಂಬೂರಿ ಶ್ರುತಿ ಸೇರಿಸಿ ಕೇಳಿಸಿದಾಗ ನನ್ನ ಮೈ ಜುಮ್ಮೆಂದಿತು. ಎಂಥ ಕಿವಿ ಸ್ವಾಮಿ ಅದು! ನಿರ್ದೇಶಕರು ಫೋನಿನಲ್ಲೇ ಒಪ್ಪಿಕೊಂಡರು.

ಈಗ ಆ ಅತ್ತೆ ತೆರೆಗೆ ಬಂದಾಗಲೆಲ್ಲ ನನ್ನ ಹೆಂಡತಿ ಸೊಸೆಗಾಗಿ ಕಣ್ಣೊರೆಸಿಕೊಳ್ಳುತ್ತಾಳೆ, ನಾನು ತೆಂಗಿನಕಾಯಿ ನೆನೆದು ಕಿಸಕ್ಕನೆ ನಗುತ್ತೇನೆ. ಈ ಮನುಷ್ಯನಿಗೆ ಕರುಳೇ ಇಲ್ಲವೆಂದು ಮಗಳಿಗೆ ದೂರು ಹೋಗಿದೆ.