ಕ್ಯಾಸೆಟ್ಟಿನಲ್ಲಿ ಸಿಗದ ಸೋದರಮಾವ

ಮದುವೆ ಕ್ಯಾಸೆಟ್ಟುಗಳಿಗೆ ಕತ್ತರಿ ಹಾಕುವುದು ನನ್ನ ಕಸುಬಾಗಿತ್ತು. ತೊಂಬತ್ತರ ದಶಕದ ಕೊನೆ. ಹರಪನಹಳ್ಳಿಯಲ್ಲಿ ಬಟ್ಟೆ ಅಂಗಡಿಯ ಮೇಲೊಂದು ಕೋಣೆ, ಎರಡು ವಿಸಿಆರ್, ಒಂದು ವಿಡಿಯೋ ಮಿಕ್ಸರ್, ಒಂದು ಟಿವಿ. ಸಿನಿಮಾದ ಎಡಿಟರ್ ಕತ್ತಲಲ್ಲಿ ಒಬ್ಬನೇ ಕೂರುತ್ತಾನಂತೆ. ನನ್ನ ಬೆನ್ನ ಹಿಂದೆ ಅರ್ಧ ದಿಬ್ಬಣವೇ ಮಂಡಕ್ಕಿ ಮೆಣಸಿನಕಾಯಿ ತಿನ್ನುತ್ತ ಕೂತಿರುತ್ತಿತ್ತು.

"ಅಕಿನ್ನ ತೆಗೀರಿ, ನಮ್ಮ ಭಾವನ್ನ ಇನ್ನೊಂದೀಟು ಹಾಕ್ರಿ!"

ಎಲ್ಲರಿಗೂ ಹೂಂ ಅಂದು ನನಗೆ ತೋಚಿದ್ದೇ ಮಾಡುತ್ತಿದ್ದೆ. ಗುಂಡಿ ಒತ್ತಿದರೆ ಗುಲಾಬಿಯೊಳಗಿಂದ ಮದುಮಗಳು ಎದ್ದು ಬರುತ್ತಿದ್ದಳು. ಆಗ ನನಗೆ ಸಾಕ್ಷಾತ್ ಬ್ರಹ್ಮನ ಸೊಕ್ಕು.

ಒಂದು ಬೆಳಗ್ಗೆ ತೆಲಿಗಿ ಊರಿನ ಹೆಣ್ಣುಮಗಳೊಬ್ಬರು ಬಂದರು. ಅವರ ಹಿರಿಮಗಳ ಮದುವೆಯ ಕ್ಯಾಸೆಟ್ಟನ್ನು ನಾನೇ ಮಾಡಿಕೊಟ್ಟಿದ್ದೆ. ಅತ್ತು ಕಣ್ಣು ಕೆಂಪಾಗಿದ್ದವು.

"ತಮ್ಮಾ, ಇದ್ರಾಗ ನಮ್ಮಣ್ಣನೇ ಇಲ್ಲಪ್ಪ. 'ನಾನಿಲ್ಲದ ಮದುವಿ ಚಂದಾಗೈತಲ್ಲ, ಸಣ್ಣಾಕಿದೂ ಹಂಗ ಮಾಡ್ಕೊಳ್ರಿ' ಅಂತ ಉಚ್ಚಂಗಿದುರ್ಗಕ್ಕ ಹೋಗಿ ಕುಂತಾನ. ಮುಂದಿನ ವಾರ ಸಣ್ಣಾಕಿ ಮದುವಿ. ಸೋದರಮಾವ ಕೈ ಹಿಡಿದು ಕರ್ಕೊಂಡು ಬರಲಿಲ್ಲಂದ್ರ ಹುಡುಗಿ ಹಂದರಕ್ಕ ಹೆಂಗ ಬರ್ತಾಳ?"

ಕತ್ತರಿಸದ ಮೂಲ ಕ್ಯಾಸೆಟ್ ಹಾಕಿ ನೋಡಿದೆವು. ಅಣ್ಣ ಮದುಮಗಳನ್ನು ಕರೆತರುವ ಹೊತ್ತಿಗೇ ಕರೆಂಟು ಹೋಗಿ ಕ್ಯಾಮೆರಾದ ದೀಪ ಆರಿತ್ತು. ಆಮೇಲೆ ಅಣ್ಣ ಪಂಕ್ತಿಗೆ ಬಡಿಸಲು ನಿಂತವರು ಸಂಜೆಯವರೆಗೂ ಬಡಿಸಿದ್ದರು. ಕ್ಯಾಮೆರಾಕ್ಕೆ ಬೇಕಾದದ್ದು ಉಣ್ಣುವವರ ಮುಖ. ಬಡಿಸುವವರದ್ದು ಬರೀ ಮೊಣಕೈ, ಸೌಟು.

ಆದರೆ ದನಿ! ಊಟದ ಭಾಗದ ಸದ್ದು ಅಳಿಸಿ ಸಿನಿಮಾ ಹಾಡು ತುಂಬುವುದು ನಮ್ಮ ಕಸುಬಿನ ರೂಢಿ. ಹಾಡಿಲ್ಲದ ಮೂಲದಲ್ಲಿ ಒಂದೇ ಗಂಟಲು ಮೊಳಗುತ್ತಿತ್ತು.

"ಏ, ಬೀಗರಿಗೆ ತುಪ್ಪ ಹಾಕ್ರೋ! ಅಜ್ಜಾರ, ಇನ್ನೊಂದು ಸೌಟು ಹುಗ್ಗಿ. ಬ್ಯಾಡನಬ್ಯಾಡ್ರಿ, ನನ್ನಾಣಿ ಐತಿ!"

"ಇವನೇ ನಮ್ಮಣ್ಣ!" ಆಕೆ ಚಪ್ಪಾಳೆ ಹೊಡೆದರು.

ಸರಿ, ನನಗೆ ಹುಚ್ಚು ಹಿಡಿಯಿತು. ಹಾಡು ಕಿತ್ತೆಸೆದೆ. ಸೌಟು ಬಂದಲ್ಲೆಲ್ಲ ಚಿತ್ರದ ಓಟ ನಿಧಾನ ಮಾಡಿದೆ. ಹುಗ್ಗಿ ಸೌಟಿನಿಂದ ಎಲೆಗೆ ಬಿತ್ತು, ಹಿಂದಕ್ಕೆ ಓಡಿಸಿದರೆ ಎಲೆಯಿಂದ ಮತ್ತೆ ಸೌಟಿಗೆ ಹಾರಿತು. ಮದುಮಗಳ ಗುಲಾಬಿಯನ್ನು ಆ ಮೊಣಕೈಯ ಸುತ್ತ ಅರಳಿಸಿದೆ. ಆಕೆ ಸೆರಗನ್ನು ಬಾಯಿಗೊತ್ತಿಕೊಂಡು ನಕ್ಕರು. ನಾನು ಕುರ್ಚಿಯಿಂದ ಬೀಳುವುದೊಂದು ಬಾಕಿ.

ಮಾರನೆಯ ದಿನ ಆಕೆ ಅದನ್ನು ಉಚ್ಚಂಗಿದುರ್ಗಕ್ಕೆ ಒಯ್ದು ಅಣ್ಣನ ಮನೆಯಲ್ಲೇ ಹಾಕಿದರಂತೆ. ಅಣ್ಣ ಗೋಡೆಗೆ ಮುಖ ಮಾಡಿ ಕೂತಿದ್ದವರು ತಮ್ಮ ದನಿ ಕೇಳಿ ತಿರುಗಿದರಂತೆ. "ಅಲ್ಲಲೇ, ನಾನು ಇಷ್ಟು ಜೋರು ಒದರ್ತೀನೇನು?" ಎಂದು ಮತ್ತೆ ಮೊದಲಿನಿಂದ ಹಾಕಿಸಿದರಂತೆ. ಇದನ್ನು ಕೇಳಿ ನಾನು ಇಡೀ ದಿನ ಒಬ್ಬನೇ ನಗುತ್ತಿದ್ದೆ.

ಸಣ್ಣ ಮಗಳ ಮದುವೆಯಾಯಿತು, ಆ ಕ್ಯಾಸೆಟ್ಟೂ ನನ್ನ ಮೇಜಿಗೆ ಬಂತು. ಈ ಸಲ ಅಣ್ಣ ಯಾವ ಕರೆಂಟನ್ನೂ ನಂಬಿರಲಿಲ್ಲ. ಕ್ಯಾಮೆರಾ ಎತ್ತ ತಿರುಗಿದರೆ ಅತ್ತ ಅವರು, ಅವರ ಬಿಳಿ ರುಮಾಲು. ತಾಳಿ ಕಟ್ಟುವಾಗಂತೂ ಟಿವಿ ತುಂಬ ರುಮಾಲೇ. ಮದುಮಕ್ಕಳು ಎಲ್ಲಿದ್ದಾರೋ ದೇವರೇ ಬಲ್ಲ. ಬೆನ್ನ ಹಿಂದೆ ಕೂತಿದ್ದ ಆಕೆಯ ಕಡೆ ತಿರುಗಿದೆ.

"ಅಕ್ಕಾರ, ತಾಳಿ ಕಾಣಂಗೇ ಇಲ್ಲ. ಇದನ್ನ ತೆಗೆದು ಬ್ಯಾರೆ ಏನಾರ ಹಾಕ್ಲೇನ್ರಿ?" ಎಂದು ಗುಂಡಿಯ ಮೇಲೆ ಬೆರಳಿಟ್ಟೆ.

ಆಕೆ ಥಟ್ಟನೆ ನನ್ನ ಕೈ ಹಿಡಿದರು.

"ಮುಟ್ಟಬ್ಯಾಡ ತಮ್ಮಾ. ತಾಳಿ ಕಟ್ಟಿದ್ದು ನಾ ಕಣ್ಣಾರೆ ನೋಡೀನಿ. ನಮ್ಮಣ್ಣ ಎಷ್ಟು ಅಡ್ಡ ನಿಂತಾನೋ, ಅಷ್ಟೂ ಇರ್ಲಿ."